ಪೇಟಿಗೆ ಬರೆದ ಅಂಕಿ ಸ್ವರ ಸ್ಕೇಲ್ ಬದಲಾದರೆ ಕೆಡುತ್ತಿದೆ, ಪರಿಹಾರ ಬೇಕು

ಜೇವರ್ಗಿ ಪೇಟಿ:

ಎಲ್ಲರಿಗೂ ಶರಣು. ನಮ್ಮದು ಜೇವರ್ಗಿ ಹತ್ತಿರದ ಒಂದು ಊರಿನ ಭಜನಾ ಮಂಡಳಿ. ಅಮಾವಾಸ್ಯೆಗೊಮ್ಮೆ ಮಠದಲ್ಲಿ ತತ್ವಪದ ಹಾಡುತ್ತೇವೆ, ಶ್ರಾವಣದಲ್ಲಿ ದಿನಾ ಇರುತ್ತದೆ. ಪೇಟಿ (ಹಾರ್ಮೋನಿಯಂ) ನುಡಿಸುವ ಹಿರಿಯರಿಗೆ ಈಗ ಬೆರಳು ಮೊದಲಿನ ಹಾಗೆ ಓಡುವುದಿಲ್ಲ. ಅವರ ಹತ್ತಿರ ಇರುವ ಧಾಟಿಗಳು ಬೇರೆ ಯಾರ ಹತ್ತಿರವೂ ಇಲ್ಲ. ಅದಕ್ಕೆ ನಾವು ಹುಡುಗರೆಲ್ಲ ಸೇರಿ ಅಂಕಿಯಲ್ಲಿ ಬರೆದಿಡುತ್ತಿದ್ದೇವೆ. ಸರಿಗಮ ಎಲ್ಲರಿಗೂ ಬರುವುದಿಲ್ಲ, ಅಂಕಿ ಆದರೆ ಯಾರು ಬೇಕಾದರೂ ಓದುತ್ತಾರೆ.

ತೊಂದರೆ ಏನೆಂದರೆ, ಕಪ್ಪು 1ರಲ್ಲಿ ಹಾಡಿದಾಗ ನಮ್ಮ ಶೀಟು ಸರಿಯಾಗಿ ಬರುತ್ತದೆ. ಬೇರೆಯವರು ಬಂದು ಬಿಳಿ 4ರಲ್ಲಿ ಎತ್ತಿದರೆ ಅದೇ ಅಂಕಿ ನುಡಿಸಿದರೂ ಹಾಡೇ ಬೇರೆ ಆಗುತ್ತದೆ. ಇನ್ನೊಂದು, ಶೀಟು ನೋಡಿ ನುಡಿಸುವಾಗ ತಬಲಾದವರು ಸಮಕ್ಕೆ, ಅಂದರೆ ತಾಳದ ಮೊದಲ ಪೆಟ್ಟಿಗೆ, ಬರುವ ಮೊದಲೇ ಪೇಟಿ ಮುಂದಿನ ಸಾಲಿಗೆ ಹೋಗಿರುತ್ತದೆ. ಕಂಪ್ಯೂಟರಿನಲ್ಲಿ ಟೈಪ್ ಮಾಡಿದರೆ ಕೆಲವು ಅಂಕಿ ತಾರೀಕು ಆಗುತ್ತವೆ. ಫೋನಿಗೆ ಕಳಿಸಿದರೆ ಮೇಲಿನ ಚುಕ್ಕೆ, ಕೆಳಗಿನ ಗೆರೆ ಮಾಯ.

ಒಂದು ಸಾಲು ಹಾಕಿದ್ದೇನೆ, ನೋಡಿ:

4 5 3 2 3 2 1

ಬೀದರ್ ಸ್ವರ:

ಶರಣು ತಮ್ಮಾ. ಒಳ್ಳೆ ಕೆಲಸ ಹಿಡಿದಿದ್ದೀರಿ, ಬಿಡಬೇಡಿ. ಉತ್ತರ ಹೇಳುವ ಮೊದಲು ಒಂದೇ ಪ್ರಶ್ನೆ. ನಿಮ್ಮ ಸಾಲಿನಲ್ಲಿ 3 ಅಂತ ಇರುವ ಕಡೆ ಹಿರಿಯರ ಬೆರಳು ಯಾವ ಕೀ ಮೇಲೆ ಇರುತ್ತದೆ? ಮೂರನೇ ಕಪ್ಪು ಕೀ ಮೇಲಾ? ಹಾಡಿನಲ್ಲಿ ಎಲ್ಲಾದರೂ ಬಿಳಿ ಕೀ ಬರುತ್ತದಾ?

ಜೇವರ್ಗಿ ಪೇಟಿ:

ಹೌದು ಅಣ್ಣಾ, ಮೂರನೇ ಕಪ್ಪು. ಈ ಹಾಡಿನಲ್ಲಿ ಬಿಳಿ ಬರುವುದೇ ಇಲ್ಲ, ಪೂರ್ತಿ ಕಪ್ಪಿನ ಮೇಲೇ ನಡೆಯುತ್ತದೆ. ಅದಕ್ಕೇ ಕಪ್ಪು ಕೀಗಳಿಗೆ 1ರಿಂದ 5ರವರೆಗೆ ಸ್ಟಿಕ್ಕರ್ ಹಚ್ಚಿ ಬರೆದುಕೊಂಡೆವು.

ಬೀದರ್ ಸ್ವರ:

ಸಮಸ್ಯೆ ಅಲ್ಲೇ ಇದೆ. ನೀವು ಬರೆದದ್ದು ಕೀ ನಂಬರು, ಸ್ವರದ ನಂಬರು ಅಲ್ಲ. ಪೇಟಿಯಲ್ಲಿ ಎರಡಕ್ಕೂ ಅಂಕಿಯೇ ಬಳಸುತ್ತೇವಾದ್ದರಿಂದ ಹೀಗೆ ಕಲಸುತ್ತದೆ. ಕಪ್ಪು 1, ಬಿಳಿ 4 ಅನ್ನುವುದು ಸಾ ಎಲ್ಲಿದೆ ಅಂತ ಹೇಳುವ ಅಂಕಿ. ಧಾಟಿ ಬರೆಯುವ ಅಂಕಿ ಸಾ ಇಂದ ಎಷ್ಟನೇ ಸ್ವರ ಅಂತ ಹೇಳಬೇಕು. 1 ಅಂದರೆ ಸಾ, 2 ರೆ, 3 ಗ, 4 ಮ, 5 ಪ, 6 ಧ, 7 ನಿ. ಸಾ ಎಲ್ಲೇ ಇಟ್ಟರೂ ಇದು ಬದಲಾಗುವುದಿಲ್ಲ.

ಈಗ ನಿಮ್ಮ ಹಾಡನ್ನೇ ನೋಡೋಣ. ಕಪ್ಪು 1ನ್ನು ಸಾ ಮಾಡಿದರೆ ಕಪ್ಪು 2 ರೆ ಆಗುತ್ತದೆ. ಅದರ ಮುಂದಿನ ಗ ಬಿಳಿ 4ರಲ್ಲಿ ಸಿಗುತ್ತದೆ, ನಿಮ್ಮ ಹಾಡು ಅದನ್ನು ಮುಟ್ಟುವುದೇ ಇಲ್ಲ. ಕಪ್ಪು 3 ಅಂದರೆ ಮ, ಕಪ್ಪು 4 ಪ, ಕಪ್ಪು 5 ಧ. ಸಾ ರೆ ಮ ಪ ಧ. ದುರ್ಗಾ ರಾಗದ ಸ್ವರಗಳು ಇವೇ. ಸ್ಟಿಕ್ಕರ್ ಪ್ರಕಾರ 1 2 3 4 5, ಸ್ವರದ ಪ್ರಕಾರ 1 2 4 5 6. ನಿಮ್ಮ ಸಾಲು ಹೀಗಾಗುತ್ತದೆ:

5 6 4 2 4 2 1

ಅಂದರೆ ಪ ಧ ಮ ರೆ ಮ ರೆ ಸಾ. ನೀವು ಬಿಳಿ 4ಕ್ಕೆ ಹೋದಾಗ ಹಳೇ ಅಂಕಿ ಹಿಡಿದು ಮ ಪ ಗ ರೆ ಗ ರೆ ಸಾ ನುಡಿಸಿದ್ದೀರಿ. ಹಾಡಿನಲ್ಲಿ ಇಲ್ಲದ ಗ ಬಂದು ಕುಳಿತರೆ ಹಾಡು ಬೇರೆ ಆಗದೇ ಇರುತ್ತದಾ?

ಬಿಳಿ 4ರಲ್ಲಿ ಸರಿಯಾದದ್ದು: 1ಕ್ಕೆ ಬಿಳಿ 4, 2ಕ್ಕೆ ಬಿಳಿ 5, 4ಕ್ಕೆ ಕಪ್ಪು 5, 5ಕ್ಕೆ ಮೇಲಿನ ಬಿಳಿ 1, 6ಕ್ಕೆ ಮೇಲಿನ ಬಿಳಿ 2. ಒಂದು ಸಲ ನಿಧಾನವಾಗಿ ನುಡಿಸಿ ನೋಡಿ, ಹಿರಿಯರ ಧಾಟಿಯೇ ಬರುತ್ತದೆ.

ಯಾವ ಸ್ಕೇಲಿಗಾದರೂ ಕೀ ಹುಡುಕಲು ಒಂದು ಲೆಕ್ಕ ಇದೆ. ಕಪ್ಪು ಬಿಳಿ ಅಂತ ನೋಡದೆ ಪಕ್ಕದ ಕೀಗೆ ಹೋಗುವುದನ್ನು ಒಂದು ಹೆಜ್ಜೆ ಅನ್ನಿ. ಸಾ ಇಂದ ಮೇಲಿನ ಸಾವರೆಗೆ ಶುದ್ಧ ಸ್ವರಗಳ ನಡುವಿನ ಹೆಜ್ಜೆ 2, 2, 1, 2, 2, 2, 1. ಒಟ್ಟು 12. ಗ ಇಂದ ಮಗೆ ಒಂದೇ ಹೆಜ್ಜೆ, ನಿ ಇಂದ ಮೇಲಿನ ಸಾಗೆ ಒಂದೇ ಹೆಜ್ಜೆ, ಉಳಿದದ್ದೆಲ್ಲ ಎರಡೆರಡು. ಇಷ್ಟು ಬಾಯಿಪಾಠ ಆದರೆ ಹೆಂಗಸರು ಕಪ್ಪು 4 ಕೇಳಲಿ, ಗಂಡಸರು ಕಪ್ಪು 2 ಕೇಳಲಿ, ಹೆದರಬೇಕಾಗಿಲ್ಲ.

ಕಪ್ಪು ಕೀ ಮೇಲೇ ಪೂರ್ತಿ ಹಾಡು ನಡೆದರೆ ಅದು ದುರ್ಗಾನೇ ಅಂತ ತೀರ್ಮಾನ ಮಾಡಬೇಡಿ ಮತ್ತೆ. ಸಾ ಕಪ್ಪು 3ರಲ್ಲಿ ಇದ್ದರೆ ಅದೇ ಐದು ಕೀಗಳು 5, 6, 1, 2, 3 ಆಗುತ್ತವೆ, ಅದು ಭೂಪಾಲಿಯ ಸ್ವರ. ಕೀಗಳು ಅವೇ, ಅಂಕಿ ಬೇರೆ. ಅದಕ್ಕೆ ಪ್ರತಿ ಹಾಡಿಗೂ ಹಿರಿಯರನ್ನು ಕೂರಿಸಿಕೊಂಡು ಮೊದಲು ಕೇಳಬೇಕಾದದ್ದು "ಸಾ ಎಲ್ಲಿ?" ಅಂತ. ಅದನ್ನು ಶೀಟಿನ ತಲೆಯಲ್ಲೇ ಬರೆಯಿರಿ: 1 = ಕಪ್ಪು 1. ಚೀನಾದಲ್ಲಿ ಅಂಕಿಯಲ್ಲಿ ಅಚ್ಚಾಗುವ ಹಾಡುಗಳಲ್ಲೂ ಮೇಲ್ಗಡೆ 1 ಅಂದರೆ ಯಾವ ಸ್ವರ ಅಂತ ಹೀಗೇ ಬರೆದಿರುತ್ತಾರೆ. ಈ ಯೋಚನೆ ಹೊಸದೇನಲ್ಲ. 1742ರಲ್ಲೇ ಫ್ರೆಂಚ್ ಭಾಷೆಯ ಚಿಂತಕ ರೂಸೋ ಪ್ಯಾರಿಸ್ಸಿನ ವಿಜ್ಞಾನ ಅಕಾಡೆಮಿಯ ಮುಂದೆ ಅಂಕಿಯಲ್ಲಿ ಸಂಗೀತ ಬರೆಯುವ ಒಂದು ಪದ್ಧತಿ ಇಟ್ಟಿದ್ದರು.

ಸ್ಟಿಕ್ಕರ್ ಇವತ್ತೇ ಕಿತ್ತುಬಿಡಿ. ಅದು ಇರುವವರೆಗೂ ಹುಡುಗರ ಕಣ್ಣು ಅಲ್ಲಿಗೇ ಹೋಗುತ್ತದೆ.

ಶಹಾಪುರ ಠೇಕಾ:

ತಬಲಾ ವಿಷಯ ನಾನು ಹೇಳುತ್ತೇನೆ. ನಿಮ್ಮ ಸಾಲಿನಲ್ಲಿ ಏಳು ಅಂಕಿ ಇವೆ. ಇಂಥ ಹಾಡಿಗೆ ನಿಮ್ಮ ತಬಲಾದವರು ಕಹರವಾ ಬಾರಿಸುತ್ತಿರಬೇಕು, ಅಲ್ವಾ? ಕಹರವಾ ತಾಳಕ್ಕೆ ಎಂಟು ಮಾತ್ರೆ, ಅಂದರೆ ಎಂಟು ಎಣಿಕೆ. ಧಾ ಗೆ ನ ತಿ, ನ ಕ ಧಿ ನ. ಏಳು ಸ್ವರ ಒಂದೇ ಸಮ ನುಡಿಸಿದರೆ ಒಂದು ಮಾತ್ರೆ ಮೊದಲೇ ಸಾಲು ಮುಗಿಯುತ್ತದೆ. ತಬಲಾದವರದು ತಪ್ಪಿಲ್ಲ. ಹಿರಿಯರು ಎಲ್ಲೋ ಒಂದು ಸ್ವರದ ಮೇಲೆ ಎರಡು ಮಾತ್ರೆ ನಿಲ್ಲುತ್ತಾರೆ, ಅದು ನಿಮ್ಮ ಶೀಟಿಗೆ ಬಂದಿಲ್ಲ. ಹೆಚ್ಚಾಗಿ ಮ ಮೇಲೆ ಇರಬೇಕು, ಕೇಳಿ ನೋಡಿ. ಹಾಗಿದ್ದರೆ ಬರೆಯುವುದು ಹೀಗೆ:

| 5 6 4 - | 2 4 2 1 |

ಅಡ್ಡಗೆರೆ ಅಂದರೆ ಹಿಂದಿನ ಸ್ವರವನ್ನೇ ಇನ್ನೊಂದು ಮಾತ್ರೆ ಎಳೆಯುವುದು. ಪೂರ್ತಿ ಸುಮ್ಮನಿರಬೇಕಾದ ಕಡೆ 0. ಒಂದೇ ಮಾತ್ರೆಯಲ್ಲಿ ಎರಡು ಸ್ವರ ಬಂದರೆ ಕೂಡಿಸಿ ಆವರಣದಲ್ಲಿ, (56) ಅಂತ. ಪ್ರತಿ ಸಾಲು ಒಂದು ಆವರ್ತನ, ಅಂದರೆ ತಾಳದ ಒಂದು ಸುತ್ತು, ಅದಕ್ಕಿಂತ ಜಾಸ್ತಿ ತುಂಬಬೇಡಿ. ಬರೆದ ಮೇಲೆ ಎಣಿಸಿ. ಕಹರವಾ ಆದರೆ ಎಂಟು, ದಾದ್ರಾ ಆದರೆ ಆರು. ಲೆಕ್ಕ ಕೂಡದಿದ್ದರೆ ಏನೋ ಬಿಟ್ಟುಹೋಗಿದೆ ಅಂತಲೇ ಅರ್ಥ.

ಇನ್ನೊಂದು ಮಾತು. ನಮ್ಮ ಕಡೆ ತಾಳ ಬರೆಯುವಾಗ ಖಾಲಿಗೆ (ತಾಳದಲ್ಲಿ ಚಪ್ಪಾಳೆ ಇಲ್ಲದ ಭಾಗಕ್ಕೆ) 0 ಹಾಕುತ್ತಾರೆ. ನಿಮ್ಮ ಶೀಟಿನಲ್ಲಿ 0 ಅಂದರೆ ಸುಮ್ಮನಿರುವುದು. ಎರಡೂ ಒಂದೇ ಕಡೆ ಇದ್ದರೆ ಓದುವವರು ಖಾಲಿ ಬಂದಾಗೆಲ್ಲ ಕೈ ಎತ್ತುತ್ತಾರೆ. ಖಾಲಿಯ ಮೇಲೆ "ಖಾ" ಅಂತ ಬರೆದುಬಿಡಿ.

ಬಹಳ ಜನ ಸ್ವರ ಸರಿ ಬಂದರೆ ಸಾಕು ಅಂತ ತಿಳಿಯುತ್ತಾರೆ. ತತ್ವಪದದಲ್ಲಿ ಎಲ್ಲಿ ನಿಲ್ಲುತ್ತೀರಿ ಅನ್ನುವುದೇ ಅರ್ಧ ಹಾಡು. ಹೇಳುವ ಮಾತು ಕೇಳುವವರಿಗೆ ಇಳಿಯಲಿ ಅಂತಲೇ ಹಿರಿಯರು ಆ ಒಂದು ಮಾತ್ರೆ ಬಿಟ್ಟಿರುತ್ತಾರೆ.

ಆಳಂದ ಅಕ್ಷರ:

ಟೈಪಿಂಗ್ ಭಾಗಕ್ಕೆ ನಾನು ಬರುತ್ತೇನೆ, ನನ್ನ ದಿನದ ಕೆಲಸವೇ ಅದು.

ತಾರೀಕು ಆಗುವುದು ಸ್ಪ್ರೆಡ್‌ಶೀಟಿನ ಸ್ವಭಾವ. ಒಂದು ಮನೆಯಲ್ಲಿ (ಸೆಲ್) 5-6 ಅಂತ ಹೊಡೆದರೆ ಅದನ್ನು ದಿನ, ತಿಂಗಳು ಅಂತ ತಿಳಿಯುತ್ತದೆ. (56) ಅಂತ ಹೊಡೆದರೆ ಮೈನಸ್ 56 ಮಾಡುತ್ತದೆ, ಲೆಕ್ಕದವರು ಆವರಣವನ್ನು ಹಾಗೇ ಬಳಸುತ್ತಾರೆ. 05 ಅಂದರೆ ಮುಂದಿನ 0 ಹೋಗುತ್ತದೆ. ಇದಕ್ಕೆ ಒಂದೇ ದಾರಿ. ಟೈಪ್ ಮಾಡುವ ಮೊದಲು ಶೀಟು ಪೂರ್ತಿ ಆಯ್ದುಕೊಂಡು ಫಾರ್ಮ್ಯಾಟನ್ನು "ಟೆಕ್ಸ್ಟ್" ಮಾಡಿ. ಮೊದಲೇ ಮಾಡಬೇಕು. ತಾರೀಕು ಆದ ಮೇಲೆ ಟೆಕ್ಸ್ಟ್ ಮಾಡಿದರೆ ನಿಮ್ಮ ಅಂಕಿ ವಾಪಸ್ ಬರುವುದಿಲ್ಲ, ಯಾವುದೋ ಐದಂಕಿಯ ಸಂಖ್ಯೆ ಬರುತ್ತದೆ. ಅಂಥ ಮನೆಗಳನ್ನು ಅಳಿಸಿ ಮತ್ತೆ ಹೊಡೆಯಬೇಕು.

ಗೆರೆ ಮಾಯ ಆಗುವುದಕ್ಕೆ ಕಾರಣ, ಅದು ಅಕ್ಷರ ಅಲ್ಲ, ಬರೀ ಅಲಂಕಾರ. ಬೇರೆ ಕಡೆ ಅಂಟಿಸಿದರೆ ಅಂಕಿ ಮಾತ್ರ ಹೋಗುತ್ತದೆ. ಚುಕ್ಕೆಯದು ಬೇರೆ ಕಥೆ. ಅದು ಅಂಕಿಗೆ ಅಂಟಿಕೊಂಡ ಇನ್ನೊಂದು ಅಕ್ಷರ, ಎದುರಿನ ಫೋನಿನ ಫಾಂಟಿಗೆ ಅದು ಬರದಿದ್ದರೆ ಪಕ್ಕಕ್ಕೆ ಸರಿಯುತ್ತದೆ ಅಥವಾ ಚೌಕ ಕಾಣಿಸುತ್ತದೆ.

ಅಲ್ಲದೆ ಗೆರೆ ಇದ್ದರೂ ಗೊಂದಲವೇ. ಹಿಂದೂಸ್ತಾನಿ ಸಂಗೀತ ಬರೆಯುವ ಭಾತಖಂಡೆ ಪದ್ಧತಿಯಲ್ಲಿ ಸ್ವರದ ಕೆಳಗೆ ಗೆರೆ ಇದ್ದರೆ ಕೋಮಲ, ಅಂದರೆ ಒಂದು ಹೆಜ್ಜೆ ಇಳಿದ ಸ್ವರ. ಚೀನಾದ ಅಂಕಿ ಪದ್ಧತಿಯಲ್ಲಿ ಕೆಳಗೆ ಗೆರೆ ಇದ್ದರೆ ಅರ್ಧ ಮಾತ್ರೆ. ಒಂದು ಹಾಡನ್ನು ಅಲ್ಲಿಂದ, ಒಂದನ್ನು ಇಲ್ಲಿಂದ ಇಳಿಸಿಕೊಂಡರೆ ಒಂದೇ ಗುರುತಿಗೆ ಎರಡು ಅರ್ಥ. ನಿಮ್ಮ ಹುಡುಗರು ಅಂತರ್ಜಾಲದಿಂದ ಏನಾದರೂ ಇಳಿಸಿಕೊಂಡಿದ್ದರೆ ಮೊದಲು ಇದನ್ನು ನೋಡಿ.

ಅದಕ್ಕೆ ಯಾವ ಫೋನಿನಲ್ಲೂ ಕೆಡದ ಗುರುತುಗಳನ್ನು ಹಿಡಿಯಿರಿ. ಮೇಲಿನ ಸಪ್ತಕಕ್ಕೆ (ಸಾ ಇಂದ ನಿವರೆಗಿನ ಏಳು ಸ್ವರದ ಗುಂಪು) ಅಂಕಿಯ ನಂತರ ಮೇಲ್ಗಡೆ ಒಂದು ಗೀಟು: 1' ಅಂತ. ಅಂಕಿಯ ಮೊದಲು ಹಾಕಬೇಡಿ, ಸ್ಪ್ರೆಡ್‌ಶೀಟು ಮನೆಯ ಮೊದಲ ಗೀಟನ್ನು ನುಂಗುತ್ತದೆ. ಕೆಳಗಿನ ಸಪ್ತಕಕ್ಕೆ ಅಲ್ಪವಿರಾಮ: 6, ಅಂತ. ಕೋಮಲಕ್ಕೆ 7ಕ. ಒಂದು ಹೆಜ್ಜೆ ಏರಿದ ತೀವ್ರ ಮಗೆ 4ತೀ. ಭೈರವಿಯಂಥ ಧಾಟಿ ಆದರೆ ಪ್ರತಿ ಅಂಕಿಗೂ ಕ ಬರೆಯುತ್ತಾ ಕೂರಬೇಡಿ, ತಲೆಯಲ್ಲಿ "ಕೋಮಲ: 2 3 6 7" ಅಂತ ಒಂದೇ ಸಲ ಹಾಕಿ.

ಹಾಡಿನ ಅಕ್ಷರ ಅಂಕಿಯ ಕೆಳಗೆ ಸರಿಯಾಗಿ ಕೂರಬೇಕು ಅಂದರೆ ಸ್ಪೇಸ್ ಹೊಡೆದು ಸರಿಮಾಡಲು ಹೋಗಬೇಡಿ. ಕನ್ನಡದ ಅಕ್ಷರಗಳ ಅಗಲ ಒಂದೇ ಸಮ ಇರುವುದಿಲ್ಲ, ಒತ್ತು ಬಂದರೆ ಇನ್ನೂ ಅಗಲ. ಟೇಬಲ್ ಮಾಡಿ, ಒಂದು ಮಾತ್ರೆಗೆ ಒಂದು ಮನೆ, ಮೇಲಿನ ಸಾಲಿನಲ್ಲಿ ಅಂಕಿ, ಕೆಳಗಿನದರಲ್ಲಿ ಅಕ್ಷರ. ಕಳಿಸುವಾಗ ಪಿಡಿಎಫ್ ಮಾಡಿ ಕಳಿಸಿ. ಮೆಸೇಜಿನಲ್ಲೇ ಅಂಟಿಸುವುದಾದರೆ ಅಂಕಿಗಳ ನಡುವೆ ಜಾಗ ಬಿಡಿ. ಹತ್ತು ಅಂಕಿ ಒಟ್ಟಿಗೆ ಇದ್ದರೆ ಫೋನ್ ನಂಬರ್ ಅಂತ ನೀಲಿ ಆಗಿಬಿಡುತ್ತದೆ.

ಜೇವರ್ಗಿ ಪೇಟಿ:

ಅಣ್ಣಾ, ಅಕ್ಕಾ, ಬಹಳ ಉಪಕಾರ ಆಯಿತು. ಹಿರಿಯರ ಹತ್ತಿರ ಕೂತು ಕೇಳಿದೆವು. ಎರಡು ಮಾತ್ರೆ ನಿಲ್ಲುವುದು ಮ ಮೇಲೇ. ಬಿಳಿ 4ರಲ್ಲಿ ನುಡಿಸಿ ತೋರಿಸಿದಾಗ "ಹಾಂ, ಇದು ನಂದೇ" ಅಂದರು. ಈಗ ಶೀಟು ಹೀಗಿದೆ:

1 = ಕಪ್ಪು 1. ತಾಳ: ಕಹರವಾ. ಬಳಸುವ ಸ್ವರ: 1 2 4 5 6
| 5 6 4 - | 2 4 2 1 |
| 6, 1 2 - | 4 2 1 - |
| 4 5 6 1' | (65) 4 2 1 |

ಒಂದು ಉಳಿದಿದೆ. ಅವರು 4ರಿಂದ 2ಕ್ಕೆ ಇಳಿಯುವಾಗ ಹಾಡುವ ದನಿ ಎಳೆದುಕೊಂಡು ಬರುತ್ತದೆ, ನೇರವಾಗಿ ಇಳಿಯುವುದಿಲ್ಲ. ನಡುನಡುವೆ ತಾಳ ಬಿಟ್ಟು ಆಲಾಪ ಕೂಡ ಮಾಡುತ್ತಾರೆ. ಅದನ್ನು ಹೇಗೆ ಬರೆಯುವುದು? ಮತ್ತೆ ಸ್ಕೇಲ್ ಚೇಂಜರ್ ಪೇಟಿ ತಂದರೆ ಸ್ಕೇಲಿನ ತೊಂದರೆಯೇ ಇರುವುದಿಲ್ಲ ಅಂತ ಒಬ್ಬರು ಹೇಳಿದರು.

ಬೀದರ್ ಸ್ವರ:

ಸ್ಕೇಲ್ ಚೇಂಜರಿನಲ್ಲಿ ಕೀಗಳ ಹಲಗೆಯೇ ಸರಿಯುತ್ತದೆ, ಬೆರಳು ಬದಲಿಸಬೇಕಾಗಿಲ್ಲ. ನಿಜ. ಆದರೆ ನಿಮ್ಮ ಹುಡುಗರು ಬೇರೆ ಊರಿನ ಸಾದಾ ಪೇಟಿ ಮುಂದೆ ಕೂತರೆ ಏನು ಮಾಡುತ್ತಾರೆ? ಮಠದ ಪೇಟಿ ಚೆನ್ನಾಗಿದ್ದರೆ ಆ ದುಡ್ಡು ಉಳಿಸಿ, ಲೆಕ್ಕ ಕಲಿಸಿ.

ಎಳೆತವನ್ನು 4~2 ಅಂತ ಗುರುತು ಮಾಡಿ, ಸಾಕು. ಪೇಟಿಯಲ್ಲಿ ಆ ಎಳೆತ ಹೇಗೂ ಬರುವುದಿಲ್ಲ, ಹಾಡುವವರಿಗೆ ನೆನಪಾಗಲಿ ಅಂತ ಅಷ್ಟೇ. ಆಲಾಪ ಬರೆಯಲು ಹೋಗಬೇಡಿ. ವೇಗವಾಗಿ ಓಡುವ ಸ್ವರಗಳಿಗೆ ಅಂಕಿ ಅಷ್ಟು ಒದಗುವುದಿಲ್ಲ. ರೂಸೋ ಪದ್ಧತಿಯ ಬಗ್ಗೆ ಆ ಕಾಲದ ದೊಡ್ಡ ಸಂಗೀತಗಾರ ರಾಮೋ ತೆಗೆದ ಆಕ್ಷೇಪವೂ ಇದೇ. ಗೆರೆಗಳ ಮೇಲೆ ಬರೆದ ಸ್ವರ ಏರುವುದು ಇಳಿಯುವುದು ಕಣ್ಣಿಗೇ ಕಾಣುತ್ತದೆ, ಅಂಕಿ ಆದರೆ ಒಂದೊಂದನ್ನೂ ಮನಸ್ಸಿನಲ್ಲಿ ಬಿಡಿಸಿಕೊಳ್ಳಬೇಕು. ಆ ಆಕ್ಷೇಪ ರೂಸೋಗೂ ಸರಿ ಅನ್ನಿಸಿತ್ತು.

ಅದಕ್ಕೆ ಹಿರಿಯರ ದನಿ ರೆಕಾರ್ಡ್ ಮಾಡಿ. ಶೀಟಿಗೂ ಫೈಲಿಗೂ ಒಂದೇ ಹೆಸರು ಕೊಡಿ, ಹಾಡಿನ ಮೊದಲ ಸಾಲು ಇದ್ದರೆ ಹುಡುಕಲು ಸುಲಭ. ಪ್ರತಿ ಹಾಡಿಗೆ ಮೊದಲು ಪೇಟಿಯಲ್ಲಿ ಸಾ ಒತ್ತಿ ಸ್ವಲ್ಪ ಹೊತ್ತು ಹಿಡಿಯಿರಿ, ಬಾಯಲ್ಲೂ "ಕಪ್ಪು 1" ಅಂತ ಹೇಳಿ. ಹತ್ತು ವರ್ಷ ಬಿಟ್ಟು ಕೇಳಿದವರಿಗೂ 1 ಎಲ್ಲಿದೆ ಅಂತ ಗೊತ್ತಾಗುತ್ತದೆ. ಫೋನನ್ನು ಪೇಟಿಯ ಮೇಲೆ ಇಡಬೇಡಿ, ತಿದಿಯ ಸದ್ದೇ ಜಾಸ್ತಿ ಬರುತ್ತದೆ. ಹಾಡುವವರ ಎದುರಿಗೆ ಒಂದು ಮೊಳ ದೂರದಲ್ಲಿ, ಬಟ್ಟೆ ಮಡಚಿ ಅದರ ಮೇಲೆ ಇಡಿ.