ಒಂದು ಪದ ಸತ್ತರ ಒಂದು ಯುಗಾದಿ

ಮಿರ್ಚಿ ಕರಿಯೋ ಎಣ್ಣಿ ಕಾಯೋದಕ್ಕಿಂತ ಮೊದಲ ಮಾಸ್ತರ ತಲಿ ಕಾದಿತ್ತು. ಕೊಪ್ಪಳದಾಗ ಗವಿಮಠದ ಕಡೆ ಹೋಗೋ ದಾರ್ಯಾಗಿನ ಚಾದಂಗಡಿ, ಸಂಜಿ ಹೊತ್ತು. ಗ್ವಾಡಿಗೆ ಗೊಬ್ಬರದಂಗಡಿಯವರು ಕೊಟ್ಟ ಕ್ಯಾಲೆಂಡರು, ಅದರ ಮೊಳಿಗೇ ದಾರ ಕಟ್ಟಿ ಜೋತುಬಿಟ್ಟ ಉದ್ರಿ ಬುಕ್ಕು.

"ಇದನ್ನ ಹರದು ಒಗೀರಿ," ಅಂದ್ರು ಮಾಸ್ತರು. ಕನ್ನಡ ಕಲಿಸಿ ರಿಟೈರಾದವರು, ಈಗ ಕೇಳೋರು ನಾನು, ವೀರೇಶಿ ಇಬ್ರೇ. "ಸೂರ್ಯನ್ನ ನೋಡಿ ದಿನ ಎಣಿಸಿದ್ದು ಸಾಕು. ಇನ್ನ ಮ್ಯಾಲ ಭಾಷಾ ನೋಡಿ ಎಣಿಸೂಣು."

"ಕ್ಯಾಲೆಂಡರಿಗೇನು ಬರಗಾಲ ಬಂದೈತ್ರಿ ಸರ್?" ಅಂದ ವೀರೇಶಿ. "ಪಂಚಾಂಗದಾಗ ಶಕ, ಚಾದಂಗಡಿ ಕಾಕಾನ ಮನ್ಯಾಗ ಹಿಜರಿ, ನಮ್ಮಜ್ಜನ ಹೊಲದ ಕಾಗದದಾಗ ನಿಜಾಮನ ಫಸಲಿ. ಫಸಲಿಗೆ 590 ಕೂಡಿಸಿದ್ರ ಇಸವಿ ಬರತೈತಿ ಅಂತ ತಿಳಕೊಳ್ಳೋದಕ್ಕ ವಕೀಲಗ ಎರಡು ಸಲ ಫೀಜು ಕೊಟ್ಟೀನಿ."

ಮಾಸ್ತರು ಕಿವಿಗೆ ಹಾಕ್ಕೊಳ್ಳಲಿಲ್ಲ. ಮೊದಲನೇ ವರ್ಷ ಎಲ್ಲಿಂದ ಅನ್ನೋದೇ ಅವರ ಚಿಂತಿ. ಹಲ್ಮಿಡಿ ಶಾಸನ, ಸುಮಾರು 450ನೇ ಇಸವಿ ಅಂತ ನಾನಂದೆ. ಅದು ಹಾಸನದ ಕಡೇದು, ಬ್ಯಾಡ ಅಂದ್ರು. ವೀರೇಶಿ ಗುಡ್ಡದ ಕಡೆ ಬಟ್ಟು ಮಾಡಿ, "ಮ್ಯಾಲೆ ಅಶೋಕನ ಶಾಸನ ಐತೆಲ್ರಿ, ಅದರಿಂದ ಹಿಡೀರಿ," ಅಂದ.

"ಅದು ಪ್ರಾಕೃತ ಲೇ! ಬಂಡೆಗಲ್ಲು ನಮ್ದು ಅಂದ ಮಾತ್ರಕ್ಕ ಭಾಷಾ ನಮ್ದಾಗತೈತೇನು?" ಕಡೀಕ ಕವಿರಾಜಮಾರ್ಗ ಪಾಸಾತು, ಸುಮಾರು 850. ತಿರುಳ್ಗನ್ನಡದ, ಅಂದ್ರ ಅಚ್ಚ ಕನ್ನಡದ, ನಾಡು ಹೇಳುವಾಗ ಅದರಾಗ ಕೊಪಣನಗರದ ಹೆಸರು ಬರತೈತಿ. ಕೊಪಣ ಅಂದ್ರ ನಾವು. ನಮ್ಮೂರಿಂದಲೇ ಜಗತ್ತಿನ ಕಾಲ ಸುರು ಅಂದಮ್ಯಾಲ ಯಾರು ತಕರಾರು ತಗೀತಾರ?

ವೀರೇಶಿ ತಗದ. "ಹಳಗನ್ನಡದ ಪಾಲು ಹಾಲಾತು, ಪುಲಿ ಹುಲಿ ಆತು, ಪಂಪಾ ಹೋಗಿ ಹಂಪಿ ಆತು. ಹಂಗಾರ ನಮ್ಮೂರು ಯಾಕ ಕೊಹ್ಹಳ ಆಗಲಿಲ್ರಿ?"

"ಪದದ ಮೊದಲಿಗೆ ಕುಂತ ಪಕಾರಕ್ಕ ಮಾತ್ರ ಗಾಳಿ ಬಡಿದಿದ್ದು. ಇದು ನಡುವ ಕುಂತೈತಿ, ಅದೂ ಒತ್ತು ಹಾಕ್ಕೊಂಡು." ಸೀಟು ಹಿಡಿಯೋ ಕಲೆ ನಮ್ಮೂರವ್ರಿಗೆ ಅವತ್ತಿಂದಲೇ ಬಂದೈತಿ ಅನಸ್ತದ.

ಇನ್ನ ವರ್ಷದ ಅಳತಿ. ಮಾಸ್ತರು ಹೇಳಿದ್ದು ಮಾರಿಸ್ ಸ್ವಾಡೇಶ್ ಅನ್ನೋ ಭಾಷಾ ಪಂಡಿತರ ಲೆಕ್ಕ.

"ಸ್ವದೇಶಿ ಮನುಷ್ಯಾನ?"

"ಅಮೆರಿಕದವ್ರು ಮಾರಾಯ!" 1950ರ ದಶಕದಾಗ ಆತ, ಯಾವ ಭಾಷಾಕ್ಕೂ ಇರಲೇಬೇಕಾದ ನೂರು ಪದ ಆರಿಸಿದ: ಕಣ್ಣು, ನೀರು, ನಾಯಿ, ಬೆಂಕಿ, ನಾನು, ನೀನು ಇಂಥವು. ಸಾವಿರ ವರ್ಷಕ್ಕ ಅದರಾಗ 86 ಉಳಿತಾವ, 14 ಹೋಗಿ ಬ್ಯಾರೆ ಬರ್ತಾವ ಅಂದ. ಮಾಸ್ತರು ಚಾದ ಬಸಿಯೊಳಗ ಬಟ್ಟು ಅದ್ದಿ ಟೇಬಲ್ ಮ್ಯಾಲೆ ಭಾಗಾಕಾರ ಹಾಕಿದ್ರು. ಒಂದು ಪದ ಸಾಯಾಕ ಹತ್ತಿರ ಹತ್ತಿರ 71 ವರ್ಷ. ಒಂದು ಪದ ಸತ್ತರ ಒಂದು ಯುಗಾದಿ.

ಚಾ ಆರೋದ್ರೊಳಗ ನಮ್ಮ ಪರಿಸ್ಥಿತಿ ತಿಳೀತು. ನನಗಿನ್ನೂ ಒಂದು ವರ್ಷ ತುಂಬಿಲ್ಲ. ವೀರೇಶಿ ಹಾಲು ಕುಡಿಯೋ ಕೂಸು. ಮಾಸ್ತರಿಗೆ ಮಾತ್ರ ಮೊನ್ನೆ ಮೊದಲನೇ ಹುಟ್ಟುಹಬ್ಬ ಆಗೈತಿ, ಪೆನ್ಶನ್ ಬರಾಕತ್ತೈತಿ.

"ಬರೇ ಮಾತು ಬ್ಯಾಡ, ಸತ್ತ ಪದ ತೋರಸ್ರಿ," ಅಂದೆ.

"ನೆತ್ತರು ಹೋಗಿ ರಕ್ತ ಬಂತು. ನೇಸರು ಹೋಗಿ ಸೂರ್ಯ ಬಂದ. ತಿಂಗಳು ಅಂದ್ರ ಚಂದ್ರ. ಈಗ ಆಕಾಶದಾಗ ಅದನ್ನ ಯಾರೂ ತಿಂಗಳು ಅನ್ನಂಗಿಲ್ಲ. ಅದು ಅಲ್ಲಿಂದ ಜಾರಿ ಬಿದ್ದು ನೋಡು," ಗ್ವಾಡಿ ತೋರಿಸಿದ್ರು, "ಈ ಕ್ಯಾಲೆಂಡರಿನ್ಯಾಗ ಸಿಕ್ಕೊಂಡೈತಿ."

ನನಗ ಒಂದು ಗಳಿಗಿ ಮಾತ ಹೊಂಡಲಿಲ್ಲ. ಹರದು ಒಗೀರಿ ಅಂದ ಕ್ಯಾಲೆಂಡರಿನ್ಯಾಗೇ ಚಂದ್ರ ಇದ್ದ.

ವೀರೇಶಿ ಬಿಡಲಿಲ್ಲ. "ಬೆಳದಿಂಗಳು ಅಂತೀವಲ್ರಿ! ಅದರಾಗ ತಿಂಗಳು ಇನ್ನೂ ಉಸಿರಾಡಾಕತ್ತೈತಿ. ಸತ್ತಿಲ್ಲ." ಆ ಯುಗಾದಿ ಅಲ್ಲಿಗೆ ರದ್ದಾತು. ಹೋಳಿಗಿ ಮಾಡಿದವ್ರ ಗತಿ ಏನು ಅಂತ ಯಾರೂ ಕೇಳಲಿಲ್ಲ.

ಐಸ್‌ಲ್ಯಾಂಡಿನ ಭಾಷಾ ಭಾಳ ನಿಧಾನಕ್ಕ ಬದಲಾಗತೈತಿ, ನಾರ್ವೆದು ಲಗೂ ಬದಲಾಗತೈತಿ ಅಂತ 1962ರಾಗ ಇಬ್ಬರು ಪಂಡಿತರು ತೋರಿಸಿ ಸ್ವಾಡೇಶನ ಗಡಿಯಾರಕ್ಕ ಕಲ್ಲು ಹೊಡದಾರ ಅಂದೆ ನಾನು. ಎರಡೂ ಹುಟ್ಟಿದ್ದು ಒಂದೇ ಹಳೇ ಮನ್ಯಾಗ. "ಅಂದ್ರ ಅಣ್ಣನ ಮನ್ಯಾಗ ಹಬ್ಬದ ಮ್ಯಾಲ ಹಬ್ಬ, ತಮ್ಮನ ಮನ್ಯಾಗ ಬೇವು ಬೆಲ್ಲಕ್ಕೂ ದಿಕ್ಕಿಲ್ಲ," ಅಂದ ವೀರೇಶಿ. ಮಾಸ್ತರ ಮಾರಿ ಸಣ್ಣದಾತು. ಎರಡು ಮಿರ್ಚಿ ಹೇಳಿ ಸುಧಾರಿಸಿದೆ.

ಏಳೋ ಹೊತ್ತಾತು. ಮಾಸ್ತರು ಚೀಲ ಹೆಗಲಿಗೆ ಏರಿಸಿ, "ಕಾಕಾ, ಮುಂದಿನ ತಿಂಗಳು ಕೊಡ್ತೀನಿ, ಬರಕೋ," ಅಂದ್ರು. ಇಷ್ಟೊತ್ತು ತುಟಿ ಪಿಟಕ್ಕನ್ನದ ಕಾಕಾ ಮಿರ್ಚಿ ತಗಿಯೋ ಝಾರಿ ಕೆಳಗಿಟ್ಟ. 71 ಭಾಗಿಸು 12, ಹತ್ತಿರ ಹತ್ತಿರ ಆರು ವರ್ಷ, ಅಷ್ಟು ಲೆಕ್ಕ ಅವನಿಗೂ ಬರತೈತಿ. ಮೊಳಿಯಿಂದ ಬುಕ್ಕು ಬಿಚ್ಚಿ ಗಲ್ಲೆದಾಗ ಹಾಕಿ ಕೀಲಿ ತಿರುವಿದ.

"ಮಾಸ್ತರ, ಉದ್ರಿ ಅನ್ನೋ ಪದ ನಮ್ಮ ಅಂಗಡ್ಯಾಗ ಈಗಷ್ಟ ಸತ್ತತು," ಅಂದ. "ಯುಗಾದಿ ಮುಬಾರಕ್. ತೊಂಬತ್ತು ರೂಪಾಯಿ ತಗೀರಿ."