ಅಪ್‌ಡೇಟ್: ಅಮ್ಮನ ಕುಟುಂಬ ಪಿಂಚಣಿಯ ಬಾಕಿ ಕೊನೆಗೂ ಜಮೆಯಾಯಿತು

ಕೇಂದ್ರ ಸರ್ಕಾರದ ನೌಕರರಾಗಿದ್ದ ತಂದೆಯವರ ನಿಧನಾನಂತರ ಅಮ್ಮನಿಗೆ ಬರುತ್ತಿರುವ ಕುಟುಂಬ ಪಿಂಚಣಿ ಕಡಿಮೆಯಿದೆಯೆಂದೂ, ಏಳನೇ ವೇತನ ಆಯೋಗದಂತೆ ಹಳೆಯ ಮೂಲ ಪಿಂಚಣಿಯನ್ನು 2.57ರಿಂದ ಗುಣಿಸುವಲ್ಲಿ ತಪ್ಪಾಗಿರಬಹುದೆಂದೂ ಹಿಂದೆ ಕೇಳಿದ್ದೆ. ಆ ಗುಣಾಕಾರ ಸರಿಯಾಗಿಯೇ ಇತ್ತು. ನನ್ನ ಅನುಮಾನವೇ ದಾರಿ ತಪ್ಪಿತ್ತು.

ಕುಟುಂಬ ಪಿಂಚಣಿದಾರರಿಗೆ 80 ವರ್ಷ ತುಂಬಿದ ತಿಂಗಳ ಮೊದಲ ದಿನದಿಂದ ಮೂಲ ಪಿಂಚಣಿಯ ಶೇ. 20ರಷ್ಟು ಹೆಚ್ಚುವರಿ ಮೊತ್ತ ಸಿಗಬೇಕು. ಅಮ್ಮನಿಗೆ 2021ರ ಜೂನ್‌ನಲ್ಲೇ 80 ತುಂಬಿದ್ದರೂ, ಪಿಂಚಣಿ ಪಾವತಿ ಆದೇಶದಲ್ಲಿ ಅವರ ಹೆಸರಿನ ಮುಂದೆ ಜನ್ಮದಿನಾಂಕದ ಜಾಗ ಖಾಲಿಯಿದ್ದುದರಿಂದ ಬ್ಯಾಂಕಿನ ಗಣಕಯಂತ್ರಕ್ಕೆ ಅವರ ವಯಸ್ಸೇ ಗೊತ್ತಿರಲಿಲ್ಲ. ಶಾಖೆಯವರು ಪ್ರತಿ ನವೆಂಬರ್‌ನಲ್ಲೂ ಜೀವನ ಪ್ರಮಾಣಪತ್ರ ಪಡೆಯುತ್ತಿದ್ದರು, ವಯಸ್ಸನ್ನು ಮಾತ್ರ ಯಾರೂ ವಿಚಾರಿಸಿರಲಿಲ್ಲ.

ಶಾಖೆಗೆ ಅಲೆಯುವುದನ್ನು ಬಿಟ್ಟು, ತಂದೆ ನಿವೃತ್ತರಾದ ಕಚೇರಿಯ ಮುಖ್ಯಸ್ಥರಿಗೆ ಅಮ್ಮನ ಪ್ಯಾನ್ ಕಾರ್ಡಿನ ಪ್ರತಿಯೊಂದಿಗೆ ಅರ್ಜಿ ಕೊಟ್ಟೆವು. ಎರಡು ತಿಂಗಳು ಉತ್ತರ ಬಾರದಿದ್ದಾಗ ಕೇಂದ್ರದ ಪಿಂಚಣಿ ದೂರುಗಳಿಗಾಗಿರುವ ಸಿಪೆನ್‌ಗ್ರಾಮ್ಸ್ ಜಾಲತಾಣದಲ್ಲಿ ದೂರು ದಾಖಲಿಸಿದೆ. ಆಮೇಲೆ ಕಡತವು ವೇತನ ಮತ್ತು ಲೆಕ್ಕಪತ್ರ ಕಚೇರಿಯಿಂದ ಕೇಂದ್ರ ಪಿಂಚಣಿ ಲೆಕ್ಕಪತ್ರ ಕಚೇರಿಗೆ ಹೋಗಿ, ಅಲ್ಲಿಂದ ತಿದ್ದುಪಡಿ ಆದೇಶವು ಬ್ಯಾಂಕಿನ ಪಿಂಚಣಿ ಕೇಂದ್ರವನ್ನು ತಲುಪಿತು.

ಮೂಲ ಪಿಂಚಣಿ 12,600 ರೂಪಾಯಿ; ಹಾಗಾಗಿ ತಿಂಗಳಿಗೆ 2,520ರಂತೆ 31 ತಿಂಗಳಿಗೆ 78,120 ರೂಪಾಯಿ. ಅದರ ಮೇಲೆ ಬೆಲೆಯೇರಿಕೆಗಾಗಿ ಕೊಡುವ ತುಟ್ಟಿ ಪರಿಹಾರವನ್ನು ಮೊದಲ ಕಂತಿನಲ್ಲಿ ಬ್ಯಾಂಕ್ ಬಿಟ್ಟಿತ್ತು, ಲಿಖಿತ ಲೆಕ್ಕಪಟ್ಟಿ ಕೇಳಿದ ಮೇಲೆ ಅದೂ ಬಂದಿದೆ. 2024ರ ಜನವರಿಯಿಂದ ಪರಿಷ್ಕೃತ ಪಿಂಚಣಿಯೇ ಖಾತೆಗೆ ಬರುತ್ತಿದೆ.