ಐಸ್‌ಲ್ಯಾಂಡ್‌ನಲ್ಲಿ ಕುರಿ ಮಾಂಸ ಯಾಕೆ ಇಳಿಯುತ್ತಿದೆ?

ಶಿರಾ_ಮಂದೆ:
ನಮ್ಮ ಮನೆಯಲ್ಲಿ ಅಜ್ಜನ ಕಾಲದಿಂದ ಕುರಿ ಸಾಕುತ್ತಾರೆ, ಹಾಗಾಗಿ ಯಾವ ದೇಶದ ಸುದ್ದಿ ಓದಿದರೂ ಕಣ್ಣು ಮೊದಲು ಕುರಿ ಲೆಕ್ಕದ ಕಡೆಗೇ ಹೋಗುತ್ತೆ. ಐಸ್‌ಲ್ಯಾಂಡ್‌ನಲ್ಲಿ 1977ರ ಸುಮಾರಿಗೆ 9 ಲಕ್ಷದ ಹತ್ತಿರ ಕುರಿ ಇದ್ದವಂತೆ, ಈಗ 3.5 ಲಕ್ಷದ ಆಸುಪಾಸು. ಅಲ್ಲಿ ತೋಳದ ಕಾಟವಿಲ್ಲ, ಹುಲ್ಲಿಗೆ ಕೊರತೆಯಿಲ್ಲ. ಮತ್ತೇನಾಯಿತು? ಮೇಕೆ ಬಗ್ಗೆ ಗೊತ್ತಿದ್ದರೆ ಅದನ್ನೂ ಹೇಳಿ.

ಉತ್ತರದ_ಗಾಳಿ:
ನಾನು ಇಲ್ಲೇ ಎಂಟು ವರ್ಷದಿಂದ ಇದ್ದೇನೆ. ನನ್ನ ಪ್ರಕಾರ ಆ 9 ಲಕ್ಷವೇ ಜಾಸ್ತಿ ಆಗಿತ್ತು. ಆಗ ದೇಶದ ಜನ ಎರಡು ಲಕ್ಷ ಚಿಲ್ಲರೆ, ಅಂದರೆ ತಲೆಗೆ ನಾಲ್ಕು ಕುರಿ! ತಿಂದು ಉಳಿದದ್ದನ್ನು ಹೊರದೇಶಕ್ಕೆ ಮಾರಲು ಸರ್ಕಾರ ಸಬ್ಸಿಡಿ ಕೊಡುತ್ತಿತ್ತು, ರೈತರು ಸಾಕುತ್ತಾ ಹೋದರು, ಮೇಯಿಸಿ ಮೇಯಿಸಿ ಬೆಟ್ಟದ ಮಣ್ಣೆಲ್ಲ ಗಾಳಿಗೆ ಹಾರಿಹೋಯಿತು. 80ರ ದಶಕದಲ್ಲಿ ಉತ್ಪಾದನೆಗೆ ಮಿತಿ ಹಾಕಿದರು, 1992ರಲ್ಲಿ ರಫ್ತು ಸಬ್ಸಿಡಿಯೂ ನಿಂತಿತು. ಅಷ್ಟರಲ್ಲಿ ಜನ ಕೋಳಿ ತಿನ್ನುವುದು ಶುರುವಾಗಿತ್ತು, ಈಗ ಇಲ್ಲಿ ಕುರಿಗಿಂತ ಕೋಳಿಯೇ ಮುಂದೆ.

ದೊಡ್ಡ ಹೊಡೆತ ಬಿದ್ದದ್ದು 2017ರಲ್ಲಿ. ರಷ್ಯಾ ಮಾರುಕಟ್ಟೆ 2015ರಲ್ಲೇ ಮುಚ್ಚಿತ್ತು, ಇಲ್ಲಿನ ದುಡ್ಡಿನ ಬೆಲೆ ಏರಿದ್ದರಿಂದ ಬೇರೆ ಕಡೆ ಮಾರಿದರೂ ಗಿಟ್ಟುತ್ತಿರಲಿಲ್ಲ. ಆ ಒಂದೇ ಸೀಸನ್‌ನಲ್ಲಿ ರೈತರಿಗೆ ಸಿಗುವ ಬೆಲೆ ಮೂರನೇ ಒಂದು ಭಾಗ ಕುಸಿಯಿತು. ನನಗೆ ಪರಿಚಯದ ಒಬ್ಬ ಅಜ್ಜ ಆ ವರ್ಷ 400 ಕುರಿಯನ್ನು 250ಕ್ಕೆ ಇಳಿಸಿದರು, ಮಗ ಊರು ಬಿಟ್ಟು ಕೆಲಸಕ್ಕೆ ಹೋದ. ಆಗ ವರ್ಷಕ್ಕೆ 10 ಸಾವಿರ ಟನ್ ಆಗುತ್ತಿದ್ದ ಮಾಂಸ ಈಗ 8 ಸಾವಿರದ ಚಿಲ್ಲರೆ ಟನ್ನಿಗೆ ಬಂದಿದೆ. ಮಣ್ಣಿಗೆ ಒಳ್ಳೆಯದಾಯಿತು ಅಂತ ಒಪ್ಪುತ್ತೇನೆ, ಆದರೆ ಖಾಲಿಯಾದ ಆ ಕೊಟ್ಟಿಗೆ ನೋಡಿದಾಗ ನಿಜವಾಗಲೂ ಬೇಜಾರಾಯಿತು.

ಗೋಶಾಲೆ_ಡಾಕ್ಟ್ರು:
ರೋಗದ ಕಥೆ ಬಿಡಬೇಡಿ. 1933ರಲ್ಲಿ ಜರ್ಮನಿಯಿಂದ 20 ಕರಾಕುಲ್ ಕುರಿ ತಂದರು. ಎರಡು ತಿಂಗಳು ದ್ವೀಪವೊಂದರಲ್ಲಿ ಬೇರೆ ಇಟ್ಟು ನೋಡಿದರು, ಎಲ್ಲವೂ ಗಟ್ಟಿಮುಟ್ಟಾಗಿಯೇ ಕಂಡವು. ಆದರೆ ಒಳಗೆ ಶ್ವಾಸಕೋಶದ ರೋಗ ಇತ್ತು, ಅದು ಹೊರಗೆ ಕಾಣಿಸಲು ವರ್ಷಗಳೇ ಬೇಕು. ಕೊನೆಗೆ ಇಡೀ ಸೀಮೆಗಳ ಕುರಿಗಳನ್ನೇ ಕೊಲ್ಲಬೇಕಾಯಿತು. ದೇಶಕ್ಕೇ ಬೇಲಿ ಹಾಕಿ ಭಾಗ ಮಾಡಿದರು, ಈಗಲೂ ಸುಮ್ನೆ ಒಂದು ಭಾಗದ ಕುರಿಯನ್ನು ಇನ್ನೊಂದಕ್ಕೆ ಹೊಡೆದುಕೊಂಡು ಹೋಗುವ ಹಾಗಿಲ್ಲ. ಮಿದುಳಿಗೆ ಬರುವ ಸ್ಕ್ರೇಪಿ ಬೇರೆ. ಅದಕ್ಕೆ ಮದ್ದಿಲ್ಲ, ಒಂದು ಕುರಿಗೆ ಬಂದರೆ ಇಡೀ ಹಿಂಡು ಕೊಲ್ಲುತ್ತಿದ್ದರು. 2022ರಲ್ಲಿ ಪೂರ್ವ ಭಾಗದ ಒಂದು ಹಿಂಡಿನಲ್ಲಿ ಆ ರೋಗ ತಡೆಯುವ ಜೀನ್ ಸಿಕ್ಕಿದೆ. ಆ ರಕ್ತದ ಟಗರುಗಳಿಂದ ಮರಿ ಮಾಡಿಸುತ್ತಿದ್ದಾರೆ. ನನಗಂತೂ ಇದು ಎಲ್ಲಕ್ಕಿಂತ ದೊಡ್ಡ ಸುದ್ದಿ.

ಉತ್ತರದ_ಗಾಳಿ:
ಮೇಕೆ ಕೇಳಿದ್ದಿರಲ್ವಾ, ಮರೆತೆ. 60ರ ದಶಕದಲ್ಲಿ ನೂರಕ್ಕೂ ಕಡಿಮೆ ಇದ್ದವು. ಈಗ ಸಾವಿರ ದಾಟಿವೆ, ತಳಿ ಉಳಿಯಲಿ ಅಂತ ಸರ್ಕಾರವೂ ಸಹಾಯ ಮಾಡುತ್ತೆ. ಮಾಂಸದ ಲೆಕ್ಕದಲ್ಲಿ ಏನೂ ಅಲ್ಲ.

ಶಿರಾ_ಮಂದೆ:
ತುಂಬಾ ಥ್ಯಾಂಕ್ಸ್. ಒಂದೇ ಪ್ರಶ್ನೆ. ಬೇಸಿಗೆಯಲ್ಲಿ ಬೆಟ್ಟಕ್ಕೆ ಬಿಟ್ಟರೆ ಎಲ್ಲರ ಕುರಿಯೂ ಕಲೆತುಹೋಗಲ್ವಾ? ನಮ್ಮಲ್ಲಾದರೆ ಕುರುಬರು ಜೊತೆಯಲ್ಲೇ ಇರುತ್ತಾರೆ.

ಉತ್ತರದ_ಗಾಳಿ:
ಕಲೆಯುತ್ತವೆ. ಸೆಪ್ಟೆಂಬರ್‌ನಲ್ಲಿ ಕುದುರೆ ಮೇಲೆ ಹೋಗಿ ಎಲ್ಲವನ್ನೂ ಕೆಳಗೆ ಹೊಡೆದುಕೊಂಡು ಬರುತ್ತಾರೆ. ದೊಡ್ಡಿ ಗಾಡಿಚಕ್ರದ ಹಾಗೆ ಇರುತ್ತೆ, ನಡುವೆ ಎಲ್ಲರ ಕುರಿ, ಸುತ್ತ ಒಂದೊಂದು ಮನೆಗೆ ಒಂದೊಂದು ಪಾಲು. ಕೊಂಬು ಹಿಡಿದು, ಕುರಿಯನ್ನು ಎರಡು ಕಾಲಿನ ಮಧ್ಯೆ ಒತ್ತಿಕೊಂಡು ಎಳೆದುಕೊಂಡು ಹೋಗಬೇಕು. ಗುರುತೆಲ್ಲ ಕಿವಿಯಲ್ಲಿ ಕತ್ತರಿಸಿರುತ್ತೆ. ಹೋದ ವರ್ಷ ನಾನೂ ಒಂದು ಹಿಡಿದು ಅಜ್ಜನ ಪಾಲಿನ ಬಾಗಿಲವರೆಗೆ ಎಳೆದುಕೊಂಡು ಹೋದೆ. ಅವರು ಬೆರಳಲ್ಲಿ ಕಿವಿ ತಡವಿ ನೋಡಿ, "ಇದು ಪಕ್ಕದ ಮನೆಯದು" ಅಂದರು.